ಅಪಸ್ವರವನ್ನು ಹೊರುವವರಾರು?

ಕ್ರಿ. ಪೂ. 6ನೆಯ ಶತಮಾನದಲ್ಲಿ ಗ್ರೀಕ್ ತತ್ತ್ವಜ್ಞಾನಿ ಪೈಥಾಗೊರಸನು ದಕ್ಷಿಣ ಇಟಲಿಯ ಕ್ರೋಟೋನ್ ನಗರದಲ್ಲಿ ಒಂದು ಶಿಷ್ಯಪರಂಪರೆಯನ್ನು ಸ್ಥಾಪಿಸಿದನು. ತಂತಿಯ ಉದ್ದವನ್ನು ಅರ್ಧಕ್ಕಿಳಿಸಿದರೆ ಮೇಲಿನ ಷಡ್ಜವೂ, ಮೂರರಲ್ಲಿ ಎರಡು ಪಾಲಿಗಿಳಿಸಿದರೆ ಪಂಚಮವೂ ನುಡಿಯುತ್ತವೆ. ಈ ಸರಳ ಪ್ರಮಾಣಗಳಲ್ಲಿ ಆ ಪರಂಪರೆಯವರು ವಿಶ್ವದ ಸಾಮರಸ್ಯವನ್ನೇ ಕಂಡರು.

ಆದರೆ ಅದೇ ಗಣಿತದಲ್ಲಿ ಒಂದು ತೊಡಕುಂಟು. ಶುದ್ಧ ಪಂಚಮದ ಅಂತರದಲ್ಲಿ 12 ಸಲ ಏರಿದರೆ 7ನೆಯ ಮೇಲುಷಡ್ಜವು ದೊರೆಯಬೇಕು, ದೊರೆಯುವುದಿಲ್ಲ. 128 ಪಾಲು ಬರಬೇಕಾದಲ್ಲಿ ಸುಮಾರು 129.75 ಬರುತ್ತದೆ. ಈ ಶೇಷವನ್ನು ಅಳಿಸಲಾಗದು; ಅದನ್ನು ಎಲ್ಲಿಡಬೇಕೆಂಬುದಷ್ಟೇ ಮನುಷ್ಯನ ಕೈಯಲ್ಲಿದೆ.

ಹಳೆಯ ಶ್ರುತಿಕ್ರಮದಲ್ಲಿ 11 ಪಂಚಮಗಳನ್ನು ಶುದ್ಧವಾಗಿಟ್ಟು, ದೋಷವನ್ನೆಲ್ಲ 12ನೆಯದರ ಮೇಲೆ ಹೇರುತ್ತಿದ್ದರು. ಕರ್ಕಶವಾದ ಆ ಪಂಚಮಕ್ಕೆ ಯುರೋಪಿನವರು 'ತೋಳ'ವೆಂದು ಹೆಸರಿಟ್ಟರು. ಇಂದಿನ ಪಿಯಾನೋವಿನಲ್ಲಿ ಆ ದೋಷವನ್ನು ಹನ್ನೆರಡಕ್ಕೂ ಸಮನಾಗಿ ಹಂಚಿರುತ್ತಾರೆ. ಯಾವ ಪಂಚಮವೂ ಪೂರ್ಣಶುದ್ಧವಲ್ಲ, ಯಾವುದೂ ಕರ್ಕಶವಲ್ಲ.

ಶುದ್ಧಿಯನ್ನು ಹೀಗೆ ಸಡಿಲಿಸುವುದು ನಷ್ಟವಲ್ಲವೇ ಎಂದು ಕೇಳಬಹುದು. ನಷ್ಟವೇ ಸರಿ. ಆದರೆ ಹನ್ನೊಂದರ ಮಾಧುರ್ಯವು ಹನ್ನೆರಡನೆಯದರ ಕೇಡಿನಿಂದ ಪಡೆದದ್ದೆಂಬುದನ್ನು ಮರೆಯಬಾರದು. ತಂತಿಗೆ ವೇದನೆಯಿಲ್ಲ, ಜೀವಕ್ಕುಂಟು. ಹೊಂದಿಕೊಂಡು ಬಾಳುವ ಕುಟುಂಬವೆಂದು ಊರೇ ಹೊಗಳುವ ಮನೆಯಲ್ಲಿ, ಎಲ್ಲರ ಕಟುನುಡಿಯನ್ನೂ ಸೊಸೆಯೊಬ್ಬಳೇ ನುಂಗಿಕೊಂಡಿದ್ದರೆ, ಅದನ್ನು ಸಾಮರಸ್ಯವೆನ್ನಲಾದೀತೇ? ಅಪಸ್ವರವು ಕೇಳಿಸದಿರುವುದು ಬೇರೆ, ಇಲ್ಲದಿರುವುದು ಬೇರೆ. ಅದನ್ನು ಹೊತ್ತವರಾರೆಂದು ಪ್ರತಿಯೊಂದು ಮನೆಯೂ ವಿಚಾರಿಸಿ, ತನ್ನ ತನ್ನ ಪಾಲನ್ನು ಪ್ರತಿಯೊಬ್ಬರೂ ವಹಿಸಿಕೊಳ್ಳುವುದೇ ನ್ಯಾಯ.