ಸಾಕಿದ ಓತಿಗೆ ಸೊಪ್ಪು: ಅಹಿಂಸಾವ್ರತದ ಒಂದು ಪ್ರಶ್ನೆ

ಬಿಯರ್ಡೆಡ್ ಡ್ರ್ಯಾಗನ್ ಆಸ್ಟ್ರೇಲಿಯದ ಒಳನಾಡಿನ ಒಣನೆಲದ ಓತಿ. ಹೆದರಿದಾಗ ಗಂಟಲ ಕೆಳಗಿನ ಮುಳ್ಳುಚರ್ಮವನ್ನು ಗಡ್ಡದಂತೆ ಉಬ್ಬಿಸಿ ಕಪ್ಪಾಗಿಸುತ್ತದೆ. ಬೇಲಿಯ ಮೇಲೆ ಕೂತು ತಲೆಯಾಡಿಸುವ ಓತಿಕ್ಯಾತವೂ, ಪಶ್ಚಿಮಘಟ್ಟದ ಕಾಡಿನಲ್ಲೂ ಅದರ ತಪ್ಪಲಿನ ಅಡಿಕೆ ತೋಟಗಳಲ್ಲೂ ಮರದಿಂದ ಮರಕ್ಕೆ ತೇಲುವ ಹಾರುವ ಓತಿಯೂ (ತೇಜಸ್ವಿಯವರ ‘ಕರ್ವಾಲೊ’ ಕಾದಂಬರಿ ಬೆನ್ನಟ್ಟಿದ್ದು ಇದನ್ನೇ) ಅದೇ ಅಗಾಮಿಡೇ ಕುಟುಂಬಕ್ಕೆ ಸೇರಿದವು. ಊಟದಲ್ಲಿ ಮಾತ್ರ ಇವು ಒಂದೇ ಅಲ್ಲ. ಹಾರುವ ಓತಿ ಹೆಚ್ಚುಕಡಿಮೆ ಇರುವೆಗಳನ್ನೇ ನಂಬಿದೆ. ಓತಿಕ್ಯಾತಕ್ಕೆ ಹುಳಹುಪ್ಪಟೆ ಬೇಕು. ಬಿಯರ್ಡೆಡ್ ಡ್ರ್ಯಾಗನ್ ಹುಳವನ್ನೂ ಸೊಪ್ಪನ್ನೂ ತಿನ್ನುವ ಪ್ರಾಣಿ. ಮರಿಯಾಗಿರುವಾಗ ಅದಕ್ಕೆ ಹುಳವೇ ಮುಖ್ಯ ಆಹಾರ. ಬೆಳೆದಂತೆ ಸೊಪ್ಪು, ತರಕಾರಿ, ಹೂವಿನ ಪಾಲು ಹೆಚ್ಚುತ್ತದೆ. ಸಾಕುವವರು ಬೆಳೆದ ಓತಿಯ ತಟ್ಟೆಯಲ್ಲಿ ಸೊಪ್ಪನ್ನೇ ಹೆಚ್ಚಾಗಿಟ್ಟು ಹುಳವನ್ನು ಆಗಾಗ ಕೊಡುತ್ತಾರೆ.

ಈ ಎರಡು ಬಗೆಯ ಹಸಿವಿನಿಂದಲೇ ಒಂದು ಧರ್ಮಪ್ರಶ್ನೆ ಏಳುತ್ತದೆ. ಅಹಿಂಸಾಣುವ್ರತ (ಗೃಹಸ್ಥರಿಗೆ ಹೇಳಿದ ಅಹಿಂಸೆಯ ಕಿರುವ್ರತ) ಹಿಡಿದ ಜೈನ ಗೃಹಸ್ಥನ ಮನೆಯಲ್ಲಿ ಇಂಥ ಓತಿ ಇದ್ದರೆ ಅದಕ್ಕೆ ಹುಳ ಕೊಡಬಹುದೆ? ಹುಳ ಬಿಟ್ಟು ಸೊಪ್ಪನ್ನು ಮಾತ್ರ ಕೊಟ್ಟರೆ ವ್ರತ ಉಳಿಯಿತೆ? ಮೂಡುಬಿದಿರೆ, ಬೆಳ್ತಂಗಡಿ, ಬಂಟ್ವಾಳದ ಸೀಮೆಯಲ್ಲಿ ಈ ಪ್ರಶ್ನೆಗೆ ಉತ್ತರ ಹುಡುಕಲು ದೂರ ಹೋಗಬೇಕಿಲ್ಲ. ಜೀವಗಳನ್ನು ಇಂದ್ರಿಯಗಳ ಲೆಕ್ಕದಲ್ಲಿ ವಿಂಗಡಿಸಿದ ದಿಗಂಬರ ಪರಂಪರೆಯ ಮೂಲ ಆಗಮ ‘ಷಟ್ಖಂಡಾಗಮ’. ಅದಕ್ಕೆ ವೀರಸೇನಾಚಾರ್ಯರು ಒಂಬತ್ತನೆಯ ಶತಮಾನದಲ್ಲಿ ಬರೆದ ‘ಧವಲಾ’ ಟೀಕೆಯ ತಾಳೆಗರಿಗಳು ಉಳಿದುಬಂದದ್ದು ಮೂಡುಬಿದಿರೆಯಲ್ಲೇ.

ಆ ವಿಂಗಡಣೆಯಲ್ಲಿ ಗಿಡಮರಗಳಿಗೆ ಒಂದೇ ಇಂದ್ರಿಯ: ಸ್ಪರ್ಶ. ಎರೆಹುಳ, ಜಿಗಣೆಗಳಿಗೆ ಎರಡು, ಇರುವೆ, ಹೇನುಗಳಿಗೆ ಮೂರು, ನೊಣ, ಜೇನು, ಮಿಡತೆಗಳಿಗೆ ನಾಲ್ಕು. ಓತಿಗೆ ಐದು. ಹಾಗಾದರೆ ಸೊಪ್ಪು ಕೊಟ್ಟರೂ ಹಿಂಸೆ ಶೂನ್ಯವಾಗುವುದಿಲ್ಲ. ಏಕೇಂದ್ರಿಯ ಜೀವಗಳ ಹಿಂಸೆಯನ್ನು ಗೃಹಸ್ಥ ಪೂರ್ತಿ ಬಿಡಲಾರ ಎಂದು ಶಾಸ್ತ್ರ ಒಪ್ಪುತ್ತದೆ. ಅಗತ್ಯಕ್ಕಿಂತ ಹೆಚ್ಚು ಮಾಡಬೇಡ ಎನ್ನುತ್ತದೆ. ಸೊಪ್ಪುತರಕಾರಿಯೊಳಗೂ ಭೇದಗಳಿವೆ. ಸಾಕುವವರ ಪುಸ್ತಕಗಳು ಸಲೀಸಾಗಿ ಹೇಳುವ ಕ್ಯಾರೆಟ್ಟು, ಗೆಣಸುಗಳು ನೆಲದೊಳಗಿನ ಗಡ್ಡೆಗಳು. ಒಂದೇ ಶರೀರದಲ್ಲಿ ಅನಂತ ಜೀವಗಳಿರುವ ಅನಂತಕಾಯಗಳೆಂದು ನಿಷ್ಠಾವಂತ ಜೈನರು ಅವನ್ನು ವರ್ಜಿಸುತ್ತಾರೆ. ಮಳೆಗಾಲದ ಚಾತುರ್ಮಾಸದಲ್ಲಿ ಹುಳ ಬೀಳುತ್ತದೆಂದು ಸೊಪ್ಪನ್ನೇ ಬಿಡುವವರೂ ಇದ್ದಾರೆ.

ಇಷ್ಟು ಕೇಳಿದ ಮೇಲೆ ಉತ್ತರ ಸುಲಭವೆನಿಸಬಹುದು: ಹುಳಕ್ಕೆ ಎರಡು ಮೂರು ನಾಲ್ಕು ಇಂದ್ರಿಯ, ಸೊಪ್ಪಿಗೆ ಒಂದು, ಆದ್ದರಿಂದ ಸೊಪ್ಪು ಕೊಡು, ಹುಳ ಬಿಡು. ಆದರೆ ಶಾಸ್ತ್ರ ಇಲ್ಲಿಗೆ ನಿಲ್ಲುವುದಿಲ್ಲ. ಅಹಿಂಸಾಣುವ್ರತಕ್ಕೆ ಐದು ಅತಿಚಾರಗಳನ್ನು, ಅಂದರೆ ವ್ರತಕ್ಕೆ ಕಳಂಕ ತರುವ ತಪ್ಪುಗಳನ್ನು, ಉಮಾಸ್ವಾಮಿಯ ‘ತತ್ತ್ವಾರ್ಥಸೂತ್ರ’ ಹೆಸರಿಸುತ್ತದೆ. ಕಟ್ಟಿಹಾಕುವುದು, ಹೊಡೆಯುವುದು, ಅಂಗ ಕತ್ತರಿಸುವುದು, ಮಿತಿಮೀರಿ ಹೊರೆ ಹೇರುವುದು, ಅನ್ನಪಾನ ತಡೆಯುವುದು. ಸಮಂತಭದ್ರಾಚಾರ್ಯರ ‘ರತ್ನಕರಂಡ ಶ್ರಾವಕಾಚಾರ’ದಲ್ಲೂ ಇದೇ ಐದು. ಎತ್ತು, ಆಕಳು, ಆಳುಕಾಳುಗಳನ್ನು ಇಟ್ಟುಕೊಂಡ ಮನೆಗಳಿಗಾಗಿ ಬರೆದ ಪಟ್ಟಿಯಿದು. ಪ್ರಾಣ ತೆಗೆಯದಿದ್ದರೆ ಸಾಕು ಎಂಬ ಸಮಾಧಾನವನ್ನು ಅದು ಯಾರಿಗೂ ಕೊಡುವುದಿಲ್ಲ. ತನ್ನ ವಶದಲ್ಲಿರುವ ಪ್ರಾಣಿಗೆ ತಕ್ಕ ಆಹಾರ ಸಿಗದಂತೆ ಮಾಡಿದರೆ ಅದೂ ಹಿಂಸೆಯ ಲೆಕ್ಕಕ್ಕೇ ಸೇರುತ್ತದೆ. ಗಾಜಿನ ಪೆಟ್ಟಿಗೆಯಲ್ಲಿರುವ ಓತಿಯ ಮಟ್ಟಿಗೆ ಐದರಲ್ಲಿ ಎರಡು ನೇರವಾಗಿ ಎದುರಾಗುತ್ತವೆ: ಬಂಧನ ಈಗಾಗಲೇ ಆಗಿದೆ, ಅನ್ನನಿರೋಧದ ಭಯ ಮುಂದಿದೆ.

ಅನ್ನನಿರೋಧ ಎಂದರೆ ಬರೀ ಹೊಟ್ಟೆಯಲ್ಲಿ ಇಡುವುದಷ್ಟೇ ಅಲ್ಲ. ತುಂಬಿದ ತಟ್ಟೆಯ ಮುಂದೆಯೂ ಅದು ನಡೆಯಬಹುದು. ಈ ಓತಿಯ ವಿಷಯದಲ್ಲಿ ಹೆಚ್ಚಾಗಿ ನಡೆಯುವುದೂ ಹಾಗೆಯೇ. ಬೆಳೆಯುವ ಮರಿಗೆ ಬೇಕಾದ ಪ್ರೋಟೀನು ಬರೀ ಸೊಪ್ಪಿನಿಂದ ಸಿಗುವುದಿಲ್ಲ. ಬೆಳೆದ ಓತಿಗೂ ಎಲ್ಲ ಸೊಪ್ಪು ಒಂದೇ ಅಲ್ಲ. ಆಹಾರದಲ್ಲಿ ರಂಜಕದ ಎರಡರಷ್ಟು ಕ್ಯಾಲ್ಸಿಯಂ ಇರಬೇಕೆಂಬುದು ಪಶುವೈದ್ಯರ ಸಾಮಾನ್ಯ ಸಲಹೆ. ಕರಾವಳಿಯ ಹಿತ್ತಿಲಲ್ಲಿ ಧಾರಾಳವಾಗಿ ಸಿಗುವ ಬಸಳೆ, ಹರಿವೆ, ಪಾಲಕ್‌ಗಳಲ್ಲಿ ಆಕ್ಸಾಲಿಕ್ ಆಮ್ಲ ಹೆಚ್ಚು. ಅದು ಕ್ಯಾಲ್ಸಿಯಮ್ಮನ್ನು ಹಿಡಿದಿಟ್ಟು ಮೈಗೆ ಸೇರದಂತೆ ಮಾಡುತ್ತದೆ. ಕೆಸುವಿನ ಎಲೆಯ ಸೂಜಿಹರಳುಗಳು ಬಾಯಿ ತುರಿಸುತ್ತವೆ. ಮನುಷ್ಯರೇ ಹುಳಿ ಹಾಕಿ ಬೇಯಿಸದೆ ಪತ್ರೊಡೆ ತಿನ್ನುವುದಿಲ್ಲ, ಓತಿಗೆ ಹಸಿಯಾಗಿ ಹಾಕುವ ಮಾತೇ ಇಲ್ಲ. ಸೌತೆಕಾಯಿಯಲ್ಲಿ ಬಹುಪಾಲು ನೀರು. ಬೆಣ್ಣೆಹಣ್ಣು ವಿಷವಾಗಬಹುದು. ಒದಗುವಂಥವೂ ಊರಲ್ಲೇ ಇವೆ: ಕ್ಯಾಲ್ಸಿಯಂ ಹೆಚ್ಚಿರುವ ನುಗ್ಗೆಸೊಪ್ಪು, ಹಿಪ್ಪುನೇರಳೆ ಎಲೆ, ತುರಿದ ಸಿಹಿಗುಂಬಳ, ದಾಸವಾಳದ ಹೂವು. ಇವುಗಳಲ್ಲಿ ಗಡ್ಡೆಯಾದದ್ದು ಒಂದೂ ಇಲ್ಲ. ಸೊಪ್ಪನ್ನು ಕೀಟನಾಶಕದ ಲೇಪವಿಲ್ಲದ ಕಡೆಯಿಂದ ತಂದು, ತೊಳೆದು, ಹುಳ ನೋಡಿ ಬಿಡಿಸಿ, ಸಣ್ಣಗೆ ಹೆಚ್ಚಿ ಇಡಬೇಕು. ವ್ರತಸ್ಥರ ಅಡುಗೆಮನೆಗೆ ಈ ಎಚ್ಚರ ಹೊಸದಲ್ಲ.

ತಟ್ಟೆಯಷ್ಟೇ ಮುಖ್ಯ ಬಿಸಿಲು. ಈ ಓತಿ ಮೈಕಾಯಿಸಿಕೊಳ್ಳಲು ಸುಮಾರು 40 ಡಿಗ್ರಿ ಸೆಲ್ಸಿಯಸ್ ಬಿಸಿಯಿರುವ ಜಾಗವನ್ನು ಹುಡುಕುತ್ತದೆ. ಮೈ ಕಾಯದೆ ತಿಂದದ್ದು ಅರಗುವುದಿಲ್ಲ. ಚರ್ಮದ ಮೇಲೆ ನೇರಳಾತೀತ ಬಿ ಕಿರಣ ಬೀಳದಿದ್ದರೆ ವಿಟಮಿನ್ ಡಿ ಸಾಲದೆ ಕ್ಯಾಲ್ಸಿಯಂ ಎಲುಬಿಗೆ ಇಳಿಯುವುದಿಲ್ಲ, ಕಿಟಕಿಯ ಗಾಜು ಆ ಕಿರಣವನ್ನು ತಡೆಯುತ್ತದೆ. ದವಡೆ ಮೆತ್ತಗಾಗಿ, ಕಾಲು ಸೊಟ್ಟಾಗಿ, ಬೆರಳು ನಡುಗುವ ಎಲುಬಿನ ರೋಗ ಬರುವುದು ಹೀಗೆ. ವರ್ಷಕ್ಕೆ ಸರಾಸರಿ 4,000 ಮಿಲಿಮೀಟರ್ ಆಸುಪಾಸು ಮಳೆ ಸುರಿಯುವ, ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಗೋಡೆಯೂ ಬೆವರುವ ಈ ಕರಾವಳಿ ಜಿಲ್ಲೆಯಲ್ಲಿ ಅರೆಮರುಭೂಮಿಯ ಪ್ರಾಣಿಯನ್ನು ಆರೋಗ್ಯವಾಗಿಡುವುದು ಸಣ್ಣ ಕೆಲಸವಲ್ಲ. ಹಿಂಸೆಗೆ ತತ್ತ್ವಾರ್ಥಸೂತ್ರ ಕೊಡುವ ಲಕ್ಷಣದಲ್ಲಿ ಪ್ರಮಾದ, ಅಂದರೆ ಎಚ್ಚರಗೇಡಿತನ, ಮೂಲದಲ್ಲೇ ಇದೆ. ಮನಸ್ಸಿನಲ್ಲಿ ಅಹಿಂಸೆಯನ್ನೇ ಇಟ್ಟುಕೊಂಡು, ತಿಳಿದುಕೊಳ್ಳಬಹುದಾದದ್ದನ್ನು ತಿಳಿದುಕೊಳ್ಳದೆ, ದಿನವೂ ಪಾಲಕ್ ಹಾಕಿ ಓತಿಯ ಎಲುಬು ಕರಗಿಸಿದವನನ್ನು ಈ ಲಕ್ಷಣ ಬಿಡುವುದಿಲ್ಲ.

ಇನ್ನೊಂದು ಪಕ್ಕದಿಂದ ಬರುವ ವಾದ ಲೆಕ್ಕಾಚಾರದ್ದು. ಓತಿ ಪಂಚೇಂದ್ರಿಯ, ಹುಳ ಅದಕ್ಕಿಂತ ಕೆಳಗಿನದು. ಮೇಲಿನ ಒಂದನ್ನು ಉಳಿಸಲು ಕೆಳಗಿನ ಹತ್ತನ್ನು ಕೊಟ್ಟರೆ ತಪ್ಪೇನು? ಹತ್ತನೆಯ ಶತಮಾನದ ಸುಮಾರಿನ ಅಮೃತಚಂದ್ರಾಚಾರ್ಯರು ‘ಪುರುಷಾರ್ಥಸಿದ್ಧ್ಯುಪಾಯ’ದಲ್ಲಿ ಇಂಥ ಲೆಕ್ಕಗಳನ್ನು ಒಂದೊಂದಾಗಿ ತೆಗೆದುಕೊಂಡು ತಳ್ಳಿಹಾಕುತ್ತಾರೆ. ಅನೇಕ ಸಣ್ಣ ಜೀವಗಳ ಬದಲು ಒಂದು ದೊಡ್ಡ ಜೀವವನ್ನು ಕೊಲ್ಲುವುದು ಮೇಲು ಎಂಬುದನ್ನೂ ಅವರು ಒಪ್ಪುವುದಿಲ್ಲ, ಒಂದು ಹಿಂಸ್ರಪ್ರಾಣಿಯನ್ನು ಕೊಂದರೆ ಅನೇಕ ಜೀವಗಳು ಉಳಿಯುತ್ತವೆ ಎಂಬುದನ್ನೂ ಒಪ್ಪುವುದಿಲ್ಲ. ಹಸಿದು ಎದುರಿಗೆ ಬಂದವನಿಗೆ ತನ್ನದೇ ಮಾಂಸ ಕೊಟ್ಟು ಆತ್ಮಘಾತ ಮಾಡಿಕೊಳ್ಳುವುದನ್ನೂ ನಿಷೇಧಿಸುತ್ತಾರೆ. ಮಹಾಭಾರತದ ಶಿಬಿ ಗಿಡುಗಕ್ಕೆ ತನ್ನ ತೊಡೆಯ ಮಾಂಸ ಕತ್ತರಿಸಿ ತೂಗಿದ ಕತೆಗೆ ಎದುರಾದ ನಿಲುವಿದು. ಗಿಡುಗದ ಹಸಿವು ನ್ಯಾಯವಾದದ್ದೆಂದು ಶಿಬಿಯ ಕತೆ ಒಪ್ಪುತ್ತದೆ, ಬೆಲೆಯನ್ನು ರಾಜ ತಾನೇ ಕೊಡುತ್ತಾನೆ. ಅಮೃತಚಂದ್ರರು ಆ ವ್ಯವಹಾರಕ್ಕೇ ಕೈಹಾಕಬೇಡ ಎನ್ನುತ್ತಾರೆ.

ಕೊಂದವನು ತಾನಲ್ಲ, ಅಂಗಡಿಯಲ್ಲಿ ಒಣಗಿಸಿದ ಹುಳ ಸಿಗುತ್ತದೆ ಎಂಬ ದಾರಿಯೂ ತೆರೆದಿಲ್ಲ. ಮಾಡುವುದು, ಮಾಡಿಸುವುದು, ಒಪ್ಪುವುದು, ಮೂರೂ ಮನಸ್ಸು ಮಾತು ಮೈಗಳಿಂದ, ಹೀಗೆ ಒಂಬತ್ತು ಬಗೆಯಲ್ಲಿ ಹೊಣೆಯನ್ನು ಅಳೆಯುವ ಪದ್ಧತಿ ಜೈನಶಾಸ್ತ್ರದ್ದು. ಗೃಹಸ್ಥನ ಮಟ್ಟಿಗೆ ಉದ್ಯೋಗದ ಹಿಂಸೆ, ಮನೆವಾರ್ತೆಯ ಹಿಂಸೆ, ಆತ್ಮರಕ್ಷಣೆಯ ಹಿಂಸೆಗಳಿಗೆ ಒಂದಷ್ಟು ರಿಯಾಯಿತಿ ಇದ್ದರೂ ಸಂಕಲ್ಪಪೂರ್ವಕ ಹಿಂಸೆಗೆ ಇಲ್ಲ. ಸಂಕಲ್ಪ ಎಷ್ಟು ತೂಕದ್ದೆಂದು ಕನ್ನಡ ಓದುಗರಿಗೆ ಜನ್ನನ ‘ಯಶೋಧರ ಚರಿತೆ’ (1209) ಹೇಳಿಕೊಟ್ಟಿದೆ. ಹಿಟ್ಟಿನ ಕೋಳಿಯನ್ನು ಬಲಿಗೊಟ್ಟ ಯಶೋಧರನೂ ಅವನ ತಾಯಿಯೂ ಪ್ರಾಣಿಜನ್ಮಗಳನ್ನು ಸುತ್ತುತ್ತಾರೆ. ಹುಳವನ್ನು ಎಣಿಸಿ ಪೆಟ್ಟಿಗೆಯೊಳಗೆ ಬಿಡುವ ಕೈಗೆ ಸಂಕಲ್ಪ ಇರಲಿಲ್ಲ ಎನ್ನಲಾಗದು.

ಹಾಗಾದರೆ ಓತಿಯನ್ನೇ ವ್ರತಿಯನ್ನಾಗಿ ಮಾಡಬಹುದೆ? ಪ್ರಾಣಿಗಳು ವ್ರತ ಹಿಡಿಯಲಾರವು ಎಂದು ಜೈನಧರ್ಮ ಹೇಳುವುದಿಲ್ಲ. ಮನಸ್ಸುಳ್ಳ ಪಂಚೇಂದ್ರಿಯ ಪ್ರಾಣಿಗಳಿಗೆ ಸಮ್ಯಗ್ದರ್ಶನವೂ (ಸರಿಯಾದ ಶ್ರದ್ಧೆಯೂ) ಅಣುವ್ರತವೂ ಸಾಧ್ಯ. ಮಹಾವೀರನ ಪೂರ್ವಭವದ ಸಿಂಹ ಚಾರಣಮುನಿಗಳ ಉಪದೇಶ ಕೇಳಿ ಬೇಟೆ ಬಿಟ್ಟು ನಿರಾಹಾರದಿಂದ ದೇಹ ತ್ಯಜಿಸಿತೆಂದು ಪುರಾಣಗಳು ಹೇಳುತ್ತವೆ. ‘ಗೋವಿನ ಹಾಡಿ’ನ ಅರ್ಬುತನೆಂಬ ಹುಲಿಯೂ ಪುಣ್ಯಕೋಟಿ ಎಂಬ ಹಸುವನ್ನು ತಿನ್ನಲಾರದೆ ಹಾರಿ ಪ್ರಾಣ ಬಿಡುತ್ತದೆ. ಎರಡು ಕತೆಗಳಲ್ಲೂ ಗಮನಿಸಬೇಕಾದದ್ದು ಒಂದಿದೆ. ಸಿಂಹ ಹುಲ್ಲು ಮೇಯಲು ಕಲಿಯಲಿಲ್ಲ, ಹುಲಿಯೂ ಕಲಿಯಲಿಲ್ಲ. ತಮ್ಮ ಮೈಯ ಸ್ವಭಾವವನ್ನು ಮೀರಲು ಅವು ಪ್ರಾಣವನ್ನೇ ತೆರಬೇಕಾಯಿತು, ಮತ್ತು ತೆತ್ತದ್ದು ತಾವಾಗಿಯೇ. ವ್ರತವೆಂದರೆ ಹಿಡಿದವನು ತನ್ನ ಮೈಮೇಲೆ ಹೇರಿಕೊಳ್ಳುವ ನಿಯಮ. ಪೆಟ್ಟಿಗೆಯ ಓತಿಯ ಮೇಲೆ ಯಜಮಾನ ತನ್ನ ವ್ರತವನ್ನು ಹೇರಿದರೆ ಓತಿಗೆ ಪುಣ್ಯವಿಲ್ಲ. ಯಜಮಾನನಿಗೆ ಉಳಿಯುವುದು ಅನ್ನನಿರೋಧ ಮಾತ್ರ.

ಇದೇ ಇಕ್ಕಟ್ಟನ್ನು ಒಂದು ಸಂಸ್ಥೆಯಾಗಿ ಎದುರಿಸಿದ್ದು ದಿಲ್ಲಿಯ ಚಾಂದನಿ ಚೌಕದ ದಿಗಂಬರ ಜೈನ ಲಾಲ್ ಮಂದಿರದ ಹಕ್ಕಿ ಆಸ್ಪತ್ರೆ. ಪಾರಿವಾಳ, ಗಿಣಿಗಳನ್ನು ಒಳಗಿಟ್ಟುಕೊಂಡು ಗುಣಪಡಿಸುವ ಆ ಆಸ್ಪತ್ರೆ ಮಾಂಸ ತಿನ್ನುವ ಹಕ್ಕಿಗಳನ್ನು ಹೊರರೋಗಿಗಳಂತೆ ನೋಡಿ ಕಳಿಸುವ ಪದ್ಧತಿಗೆ ಹೆಸರಾಗಿದೆ. ಹದ್ದಿಗೆ ಔಷಧ ಕೊಡಬಹುದು, ಕಾಳು ತಿನ್ನಿಸಿ ಇಟ್ಟುಕೊಳ್ಳಲಾಗದು ಎಂಬ ತಿಳಿವಳಿಕೆ ಅದರ ಹಿಂದಿದೆ. ಗಾಯಗೊಂಡ ಹದ್ದಿಗೆ ಇದು ಸಾಲದು, ನಿಜ. ಆದರೂ ಹದ್ದಿನ ಊಟವನ್ನು ತಿದ್ದಲು ಹೋಗದಿರುವುದರಲ್ಲಿ ಒಂದು ಪ್ರಾಮಾಣಿಕತೆಯಿದೆ.

ಮೂಡುಬಿದಿರೆ, ಬೆಳ್ತಂಗಡಿ, ಬಂಟ್ವಾಳ ತಾಲೂಕುಗಳ ಸೀಮೆಯಲ್ಲಿ ಪ್ರಾಣಿಗಳಿಗೆ ಉಣಿಸುವ ಹಳೆಯ ರೂಢಿಗಳನ್ನು ನೋಡಿದರೆ ಇದೇ ವಿವೇಕ ಬೇರೆ ರೂಪದಲ್ಲಿ ಕಾಣುತ್ತದೆ. ಬೆಳ್ತಂಗಡಿ ತಾಲೂಕಿನ ಶಿಶಿಲದಲ್ಲಿ ಕಪಿಲಾ ಹೊಳೆಯ ಮತ್ಸ್ಯತೀರ್ಥದ ಮೀನುಗಳಿಗೆ ಭಕ್ತರು ಅಕ್ಕಿ ಎರಚುತ್ತಾರೆ. ಅವು ದೇವರ ಮೀನುಗಳು, ಹಿಡಿಯುವಂತಿಲ್ಲ. 1990ರ ದಶಕದಲ್ಲಿ ವಿಷಕ್ಕೆ ಸಿಕ್ಕಿ ದೊಡ್ಡ ಸಂಖ್ಯೆಯಲ್ಲಿ ಸತ್ತಾಗ ಅವುಗಳಿಗೆ ಸ್ಮಾರಕ ಕಟ್ಟಲಾಯಿತು. ಬಂಟ್ವಾಳ ತಾಲೂಕಿನ ಕಾರಿಂಜ ಬೆಟ್ಟದ ದೇವಸ್ಥಾನದಲ್ಲಿ ನೈವೇದ್ಯದ ಅನ್ನ ಮಂಗಗಳಿಗೂ ಸಲ್ಲುತ್ತದೆ. ಊರೂರಿನ ನಾಗಬನಗಳಲ್ಲಿ ಕಲ್ಲಿಗೆ ಹಾಲು, ಎಳನೀರಿನ ತನು ಎರೆಯುತ್ತಾರೆ. ಬನದ ಹಾವು ಇಲಿ ಕಪ್ಪೆ ತಿಂದೇ ಬದುಕುತ್ತದೆ, ಶಿಶಿಲದ ಮೀನು ಹೊಳೆಯ ಹುಳ, ಏಡಿಗಳನ್ನು ತಾನೇ ಹುಡುಕಿಕೊಳ್ಳುತ್ತದೆ. ಕೊಡುವವನು ತನಗೆ ಸಲ್ಲುವ ಶುದ್ಧ ಅನ್ನವನ್ನು ಕೊಡುತ್ತಾನೆ. ಪಡೆಯುವ ಪ್ರಾಣಿಯ ಉಳಿದ ಊಟದ ತಂಟೆಗೆ ಹೋಗುವುದಿಲ್ಲ. ಬಂಧನವಿಲ್ಲದಿರುವುದರಿಂದಲೇ ಇದು ಸಾಧ್ಯ. ಪೆಟ್ಟಿಗೆಯೊಳಗಿನ ಪ್ರಾಣಿಗೆ ಯಜಮಾನ ಕೊಟ್ಟದ್ದೇ ಪೂರ್ತಿ ಊಟ.

ಆದ್ದರಿಂದ ಪ್ರಶ್ನೆಯ ಬೇರು ತಟ್ಟೆಯಲ್ಲಿಲ್ಲ, ಓತಿಯನ್ನು ಮನೆಗೆ ತಂದ ಗಳಿಗೆಯಲ್ಲಿದೆ. ಹನ್ನೆರಡನೆಯ ಶತಮಾನದ ಶ್ವೇತಾಂಬರ ಆಚಾರ್ಯ ಹೇಮಚಂದ್ರರು ‘ಯೋಗಶಾಸ್ತ್ರ’ದಲ್ಲಿ ಶ್ರಾವಕನಿಗೆ, ಅಂದರೆ ಗೃಹಸ್ಥನಿಗೆ, ಸಲ್ಲದ ಹದಿನೈದು ಕಸುಬುಗಳಲ್ಲಿ ಅಸತೀಪೋಷಣವನ್ನು ಸೇರಿಸಿದ್ದಾರೆ: ಗಿಣಿ, ಬೆಕ್ಕು, ನಾಯಿ, ಹುಂಜ, ನವಿಲು ಮುಂತಾದವನ್ನು ಹಣಕ್ಕಾಗಿ ಸಾಕುವುದು. ನಿಷೇಧ ಇರುವುದು ಲಾಭದ ಸಾಕಣೆಗೆ; ಆದರೆ ಸಾಕುಪ್ರಾಣಿಯ ಅಂಗಡಿ ನಡೆಯುವುದೇ ಲಾಭಕ್ಕಾಗಿ, ಕೊಳ್ಳುವವನು ಅದರ ಒಂದು ಕೊನೆ. ಧರ್ಮಸ್ಥಳದಲ್ಲಿ ಜೈನ ಹೆಗ್ಗಡೆ ಮನೆತನ ನಡೆಸಿಕೊಂಡು ಬಂದಿರುವ ಚತುರ್ದಾನಗಳು ಅನ್ನ, ಔಷಧ, ವಿದ್ಯೆ, ಅಭಯ. ಓತಿಗೆ ಸೊಪ್ಪು ಇಡುವುದನ್ನು ಅನ್ನದಾನವೆಂದು ಕರೆಯುವುದಕ್ಕಿಂತ ಮುಂಚೆ ಅದಕ್ಕೆ ಅಭಯ ಸಿಕ್ಕಿದೆಯೇ ಎಂದು ಕೇಳಬೇಕು. ಹುಳಕ್ಕೂ ಓತಿಗೂ ಏಕಕಾಲಕ್ಕೆ ಅಭಯ ಕೊಡಲು ವ್ರತಸ್ಥನಿಗಿರುವ ದಾರಿ ಒಂದೇ, ಓತಿಯನ್ನು ಕೊಳ್ಳದಿರುವುದು.

ಈಗಾಗಲೇ ಮನೆಯಲ್ಲಿದ್ದರೆ ಅದನ್ನು ತೋಟಕ್ಕೆ ಬಿಡುವಂತಿಲ್ಲ. ಪರದೇಶದ ಪ್ರಾಣಿ ಮೊದಲ ಮಳೆಗಾಲದಲ್ಲೇ ಸಾಯಬಹುದು. ಉಳಿದರೆ ಇಲ್ಲಿಯ ಓತಿಗಳಿಗೆ ರೋಗ ಹಚ್ಚಬಹುದು. ಬೆಳೆದ ಓತಿಯಾದರೆ ಸೊಪ್ಪು, ಹೂವು, ಕ್ಯಾಲ್ಸಿಯಂ ಪುಡಿ, ಬಿಸಿ, ಬೆಳಕುಗಳನ್ನು ಸರಿಯಾಗಿ ಒದಗಿಸಿ, ಸರೀಸೃಪ ಬಲ್ಲ ಪಶುವೈದ್ಯರಿಂದ ಆಗಾಗ ತೂಕ, ಎಲುಬುಗಳನ್ನು ನೋಡಿಸುತ್ತ ಹುಳದ ಪಾಲನ್ನು ವೈದ್ಯರು ಒಪ್ಪುವಷ್ಟು ಕೆಳಗಿಡಬಹುದು. ಆ ಅಳತೆಯನ್ನು ನಿರ್ಧರಿಸಬೇಕಾದದ್ದು ಓತಿಯ ಮೈ, ಯಜಮಾನನ ಪರಂಪರೆಯಲ್ಲ. ಮರಿಯಾದರೆ ಆ ಅವಕಾಶವೂ ಇಲ್ಲ. ಅದನ್ನು ಅಂಥ ವ್ರತವಿಲ್ಲದ, ತಿಳಿದು ಸಾಕಬಲ್ಲವರ ಕೈಗೆ ಒಪ್ಪಿಸಬೇಕಾಗುತ್ತದೆ. ಒಪ್ಪಿಸಿದವನು ಅನುಮೋದನೆಯ ದೋಷದಿಂದ ಪೂರ್ತಿ ಪಾರಾಗುವುದಿಲ್ಲ. ಆದರೆ ಕಣ್ಣೆದುರು ಒಂದು ಪಂಚೇಂದ್ರಿಯ ಜೀವದ ಎಲುಬು ಕರಗುವುದನ್ನು ನೋಡುತ್ತ ಕೂರುವ ದೋಷ ಅದಕ್ಕಿಂತ ದೊಡ್ಡದು. ಉಳಿದ ಪಾಲಿಗೆ ಪ್ರತಿಕ್ರಮಣವಿದೆ: ಆದ ತಪ್ಪನ್ನು ಹೆಸರಿಟ್ಟು ಹೇಳಿ, ಇನ್ನು ಮುಂದೆ ಮಾಡುವುದಿಲ್ಲವೆಂದು ಹಿಂದಿರುಗುವ ಕ್ರಮ. ಅದರಲ್ಲಿ ಆ ಹುಳಗಳ ಹೆಸರೂ ಸೇರಬೇಕು, ಓತಿಯ ಹೆಸರೂ ಸೇರಬೇಕು.