ನನಗೂ ಹೇಳಬೇಡಿ ಆ ಪಾಸ್‌ವರ್ಡ್

ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ ತಾಲ್ಲೂಕುಗಳು ಸೇರಿ ಮಧುಗಿರಿ ಶೈಕ್ಷಣಿಕ ಜಿಲ್ಲೆ. ಈ ನಾಲ್ಕೂ ಕಡೆ ಹೈಸ್ಕೂಲಿನಲ್ಲಿ ಪಾಠ ಹೇಳಿ ನಿವೃತ್ತರಾದ ಮೇಷ್ಟ್ರೊಬ್ಬರು, ಮಧುಗಿರಿ ಬಸ್‌ಸ್ಟ್ಯಾಂಡಿನ ಹತ್ತಿರ ಮೊಬೈಲ್ ರಿಪೇರಿ ಅಂಗಡಿ ಇಟ್ಟಿರುವ ಅವರ ಹಳೇ ವಿದ್ಯಾರ್ಥಿ, ಆಮೇಲೆ ಅಂಗಡಿಗೆ ಬಂದ ಒಬ್ಬ ತಾಯಿ. ಮಾತು ಈ ಮೂವರದು. ಮಕ್ಕಳ ಆಟಕ್ಕೆ ಬೀಗ ಹಾಕುವ ಬಗ್ಗೆ ದೊಡ್ಡ ಊರುಗಳಲ್ಲಿ ಬೇಕಾದಷ್ಟು ಚರ್ಚೆಯಾಗುತ್ತದೆ. ಮನೆಗೊಂದೇ ಫೋನಿರುವವರ ಮಾತು ಅದರಲ್ಲಿ ಸೇರುವುದು ಅಪರೂಪ.

ಮೇಷ್ಟ್ರು: ಏನಪ್ಪಾ ಅದು ನೋಟ್‌ಬುಕ್ಕು? ಸಾಲದ ಲೆಕ್ಕವೋ?

ಅಂಗಡಿಯವನು: ಸಾಲದ್ದಲ್ಲ ಸಾರ್, ಪಾಸ್‌ವರ್ಡ್‌ಗಳದ್ದು. ಹುಡುಗ ಗೇಮ್ ಆಡದ ಹಾಗೆ ಲಾಕ್ ಮಾಡ್ಕೊಡಿ ಅಂತ ಬರ್ತಾರೆ. ಚೀಟೀಲಿ ಬರೆದುಕೊಟ್ರೆ ಸಂಜೆಯೊಳಗೆ ಹುಡುಗನೇ ಓದಿರ್ತಾನೆ. ಅದಕ್ಕೆ ನಿನ್ನ ಹತ್ರಾನೇ ಇರ್ಲಿ ಅಂತಾರೆ.

ಮೇಷ್ಟ್ರು: ಗೂಗಲ್‌ನವರೇ ಫ್ಯಾಮಿಲಿ ಲಿಂಕ್ ಅಂತ ಒಂದು ಮಾಡಿದ್ದಾರಲ್ಲ, ಅದು ಆಗಲ್ಲವೇ?

ಅಂಗಡಿಯವನು: ಅದು ಚೆನ್ನಾಗೇ ಇದೆ ಸಾರ್. ದಿನಕ್ಕೆ ಎಷ್ಟು ಹೊತ್ತು ಅಂತ ಇಡಬಹುದು, ರಾತ್ರಿ ಇಂತಿಷ್ಟು ಗಂಟೆಗೆ ಫೋನ್ ಮುಚ್ಚೋ ಹಾಗೆ ಮಾಡಬಹುದು. ಹೊಸ ಆ್ಯಪ್ ಹಾಕ್ಬೇಕಾದ್ರೆ ಅಪ್ಪನ ಫೋನಿಗೆ ಬಂದು ಕೇಳುತ್ತೆ. ಆದ್ರೆ ಅದು ಅಪ್ಪನಿಗೊಂದು, ಮಗನಿಗೊಂದು ಫೋನ್ ಇದೆ ಅಂದ್ಕೊಂಡು ಮಾಡಿರೋದು. ನಮ್ಮಲ್ಲಿ ಫೋನ್ ಹಗಲೆಲ್ಲ ಅಪ್ಪನ ಜೇಬಲ್ಲಿ, ಸಂಜೆ ಮಗನ ಕೈಲಿ. ಜೀಮೇಲ್ ಮಾಡಿಕೊಟ್ಟೋನು ಮಗ. ಫೋನ್‌ಪೇ ಹಾಕಿಕೊಟ್ಟೋನು ಮಗ. ಬ್ಯಾಂಕಿನ ಮೆಸೇಜ್ ಓದಿ ಹೇಳೋನೂ ಅವನೇ. ಶಿರಾ ಕಡೆಯವರೊಬ್ಬರು ಗಾಡಿ ನಂಬರನ್ನೇ ಪಾಸ್‌ವರ್ಡ್ ಇಡಿ, ಮರೆಯಲ್ಲ ಅಂದ್ರು. ಮಗ ದಿನಾ ಅದೇ ಗಾಡೀಲಿ ಸ್ಕೂಲಿಗೆ ಹೋಗ್ತಾನೆ. ನಾವು ಚಾಪೆ ಕೆಳಗೆ ನುಸುಳಿದ್ರೆ ಹುಡುಗರು ರಂಗೋಲಿ ಕೆಳಗೆ ನುಸುಳ್ತಾರೆ.

ಮೇಷ್ಟ್ರು: ಬೀಗ ಗಟ್ಟಿಯಿಲ್ಲ ಅನ್ನೋದು ನನ್ನ ಚಿಂತೆಯಲ್ಲ. ಯಾರೂ ಮುರಿಯಲಾಗದ ಬೀಗ ಸಿಕ್ಕಿತು ಅಂತಲೇ ಇಟ್ಟುಕೋ. ಯಾಕೆ ಅಂತ ಒಂದು ಮಾತೂ ಹೇಳದೆ ಅದನ್ನು ಹಾಕಿದರೆ ಹುಡುಗ ಏನು ತಿಳ್ಕೋತಾನೆ?

ಅಂಗಡಿಯವನು: ಬಾವಿಗೆ ಕಟ್ಟೆ ಕಟ್ಟೋವಾಗ ಮಗೂನ ಕೇಳ್ತೀವಾ ಸಾರ್? ಬೀಳಬಾರದು ಅಂತ ಕಟ್ತೀವಿ, ಅಷ್ಟೆ.

ಮೇಷ್ಟ್ರು: ಕೇಳಲ್ಲ, ಒಪ್ಪಿದೆ. ಆದರೆ ಆ ಕಟ್ಟೆ ಊರಿಗೆಲ್ಲ ಒಂದೇ. ಅಪ್ಪ ಬಂದರೂ ಅದರ ಈಚೆಗೇ ನಿಂತು ನೀರು ಸೇದಬೇಕು. ನೀನು ಹಾಕಿಕೊಡೋ ಲಾಕು ಹುಡುಗನಿಗೆ ಮಾತ್ರ. ಅದೇ ಫೋನಲ್ಲಿ ರಾತ್ರಿ ಅಪ್ಪ ರಮ್ಮಿ ಆಡ್ತಾ ಕೂತಿದ್ದರೆ? ಪಾವಗಡದಲ್ಲಿದ್ದಾಗ ಇದನ್ನು ನಾನು ಹತ್ತಿರದಿಂದ ನೋಡಿದ್ದೇನೆ. ಆ ತಾಲ್ಲೂಕಿಗೆ ಮೂರು ಕಡೆ ಆಂಧ್ರ. ಇಲ್ಲಿಂದ ಬಸ್ಸಲ್ಲಿ ಹೋದರೂ ನಡುವೆ ಆಂಧ್ರದ ನೆಲ ದಾಟಬೇಕು. ಆಂಧ್ರ ಸರ್ಕಾರ 2020ರ ಸೆಪ್ಟೆಂಬರಿನಲ್ಲಿ ದುಡ್ಡಿಟ್ಟು ಆಡುವ ಆನ್‌ಲೈನ್ ಆಟ ನಿಷೇಧಿಸಿತು. ನಮ್ಮಲ್ಲಿ ಇನ್ನೂ ನಿಷೇಧ ಇರಲಿಲ್ಲ. ಫೋನ್ ಯಾವ ರಾಜ್ಯದಲ್ಲಿದೆ ಅಂತ ಆ್ಯಪ್ ನೋಡಿಕೊಳ್ಳೋದು. ಗಡಿಯ ಆಚೆ ಆಡೋಕೆ ಬಿಡ್ತಿರಲಿಲ್ಲ, ಈಚೆ ಬಿಡ್ತಿತ್ತು.

ಅಂಗಡಿಯವನು: ಆಮೇಲೆ ನಮ್ಮಲ್ಲೂ ಕಾಯ್ದೆ ಬಂತಲ್ಲ ಸಾರ್.

ಮೇಷ್ಟ್ರು: ಬಂತು. 2021ರ ಅಕ್ಟೋಬರಿನಲ್ಲಿ ಕರ್ನಾಟಕ ಪೊಲೀಸ್ ಕಾಯ್ದೆಗೆ ತಿದ್ದುಪಡಿ ತಂದರು. ಕಂಪನಿಗಳು ಹೈಕೋರ್ಟಿಗೆ ಹೋದವು. ಕೌಶಲದ ಆಟವನ್ನು ಜೂಜಿನ ಜೊತೆ ಸೇರಿಸಿ ಸಾರಾಸಗಟಾಗಿ ನಿಷೇಧಿಸೋದು ಸಂವಿಧಾನಕ್ಕೆ ಒಪ್ಪುವುದಿಲ್ಲ ಅಂತ 2022ರ ಫೆಬ್ರವರಿ 14ರಂದು ವಿಭಾಗೀಯ ಪೀಠ ಆ ತಿದ್ದುಪಡಿಯ ಮುಖ್ಯ ಭಾಗಗಳನ್ನು ರದ್ದು ಮಾಡಿತು. ಕೊನೆಗೆ 2025ರ ಆಗಸ್ಟಿನಲ್ಲಿ ಸಂಸತ್ತು ಇಡೀ ದೇಶಕ್ಕೆ ಕಾಯ್ದೆ ಮಾಡಿ ದುಡ್ಡಿನ ಆಟ ನಿಲ್ಲಿಸಿತು. ಹೈಕೋರ್ಟಿನ ತೀರ್ಪು ಸರಿಯೋ ತಪ್ಪೋ ಅದು ಬೇರೆ ಮಾತು. ದೊಡ್ಡವರ ಆಟಕ್ಕೆ ಬೀಗ ಬಿದ್ದಾಗ ಯಾಕೆ ಅಂತ ಕೇಳೋಕೆ ಒಂದು ಜಾಗ ಇತ್ತು. ಸರ್ಕಾರ ಅಲ್ಲಿ ನಿಂತು ಕಾರಣ ಹೇಳಬೇಕಾಯಿತು. ಒಂಬತ್ತನೇ ಕ್ಲಾಸಿನ ಹುಡುಗ ಎಲ್ಲಿಗೆ ಹೋಗಿ ಕೇಳಬೇಕು?

ಅಂಗಡಿಯವನು: ನೀವು ಫೆಬ್ರವರಿ ಅಂದಿದ್ದಕ್ಕೆ ನೆನಪಾಯ್ತು. ಅದೇ ತಿಂಗಳೇ ಅಲ್ವಾ ಸಾರ್ ಫ್ರೀ ಫೈರ್ ಗೇಮ್ ನಿಂತಿದ್ದು? ಹುಡುಗರೆಲ್ಲ ಅಂಗಡಿ ಮುಂದೆ ಬಂದು, ಅಣ್ಣ ಹೇಗಾದ್ರೂ ಹಾಕ್ಕೊಡಿ ಅಂತ ನಿಂತಿದ್ರು.

ಮೇಷ್ಟ್ರು: ಹೌದು. ಕೇಂದ್ರ ಸರ್ಕಾರ ನಿಲ್ಲಿಸಿದ 54 ಆ್ಯಪ್‌ಗಳಲ್ಲಿ ಅದೂ ಒಂದು. ಅದಕ್ಕೂ ಮುಂಚೆ 2020ರ ಸೆಪ್ಟೆಂಬರ್ 2ರಂದು ನಿಲ್ಲಿಸಿದ 118 ಆ್ಯಪ್‌ಗಳಲ್ಲಿ ಪಬ್‌ಜಿಯೂ ಒಂದು. ಎರಡು ಸಲವೂ ಹೇಳಿದ ಕಾರಣ ದೇಶದ ಭದ್ರತೆ. ಹುಡುಗರ ಓದು, ನಿದ್ದೆ, ಕಣ್ಣು ಇದರ ಮಾತೇ ಆದೇಶದಲ್ಲಿರಲಿಲ್ಲ. ಹಾಗಿದ್ದೂ ನಮ್ಮ ಮನೆಗಳಲ್ಲಿ ಅಪ್ಪಂದಿರು, ನೋಡು, ಮಕ್ಕಳು ಹಾಳಾಗ್ತಾರೆ ಅಂತ ಸರ್ಕಾರವೇ ಬಂದ್ ಮಾಡಿತು ಅಂದರು. ಫ್ರೀ ಫೈರ್ ಮ್ಯಾಕ್ಸ್ ಅಂತ ಇನ್ನೊಂದು ಹಾಗೇ ಉಳಿದಿತ್ತು. ಪಬ್‌ಜಿ ಮರುವರ್ಷ ಬಿಜಿಎಂಐ ಅಂತ ಹೆಸರು ಬದಲಿಸಿಕೊಂಡು ಬಂತು. ಹುಡುಗರು ಎಲ್ಲವನ್ನೂ ನೋಡ್ತಾರಪ್ಪ. ಬೀಗಕ್ಕೆ ಹೇಳುವ ಕಾರಣ ಬೇರೆ, ನಿಜವಾದ ಕಾರಣ ಬೇರೆ ಅಂತ ಒಂದು ಸಲ ಅನ್ನಿಸಿದರೆ ಆಮೇಲೆ ನೀನು ಎಷ್ಟು ಒಳ್ಳೇ ಕಾರಣ ಹೇಳಿದರೂ ಅವರು ನಂಬಲ್ಲ.

ಅಂಗಡಿಯವನು: ಸಾರ್, ನೀವು ಕಾರಣ ಕಾರಣ ಅಂತೀರ. ಆದ್ರೆ ಆಟ ಕಟ್ಟಿದೋರು ಹುಡುಗನ ಹತ್ರ ಕಾರಣ ಹೇಳಿ ಒಪ್ಪಿಸಿದ್ರಾ? ದಿನಾ ಬಂದ್ರೆ ಒಂದು ಬಹುಮಾನ. ಒಂದಿನ ತಪ್ಪಿದ್ರೆ ಮತ್ತೆ ಮೊದಲಿಂದ. ಇಂತಾ ತಾರೀಕಿನೊಳಗೆ ಆಡಿದ್ರೆ ಮಾತ್ರ ಆ ಬಟ್ಟೆ, ಆ ಬಂದೂಕು. ನೂರಾರು ಇಂಜಿನಿಯರ್‌ಗಳು ಕೂತು ಹುಡುಗ ಎದ್ದು ಹೋಗದ ಹಾಗೆ ಮಾಡಿದ್ದಾರೆ. ಈ ಕಡೆ ಒಬ್ಬ ತಾಯಿ. ಅವಳ ಕೈಲಿರೋದು ನಾಲ್ಕಂಕಿಯ ಪಾಸ್‌ವರ್ಡು. ಅದನ್ನೂ ಬೇಡ ಅಂದ್ರೆ ಅವಳ ಕೈ ಕಟ್ಟಿದ ಹಾಗಾಗಲ್ವಾ?

ಮೇಷ್ಟ್ರು: (ಸ್ವಲ್ಪ ಹೊತ್ತು ಸುಮ್ಮನಿದ್ದು) ಈ ಮಾತು ಸರಿಯಾಗಿದೆ. ದಕ್ಷಿಣ ಕೊರಿಯಾದವರು ಕಂಪನಿಗಳನ್ನೇ ಹಿಡಿಯೋಣ ಅಂತ ನೋಡಿದರು. 16 ವರ್ಷದೊಳಗಿನವರಿಗೆ ನಡುರಾತ್ರಿ 12ರಿಂದ ಬೆಳಗ್ಗೆ 6ರವರೆಗೆ ಕಂಪ್ಯೂಟರ್ ಗೇಮ್ ಇಲ್ಲ ಅಂತ 2011ರಲ್ಲಿ ಕಾನೂನು ತಂದರು. ಮಕ್ಕಳು ಅಪ್ಪ-ಅಮ್ಮನ ಗುರುತಿನ ನಂಬರಲ್ಲಿ ಒಳಗೆ ಹೋದರು. ಅಷ್ಟರಲ್ಲಿ ಆಟವೇ ಮೊಬೈಲಿಗೆ ಬಂತು, ಮೊಬೈಲಿಗೆ ಆ ಕಾನೂನು ತಟ್ಟಲಿಲ್ಲ. 2021ರ ಕೊನೆಗೆ ವಾಪಸ್ ತೆಗೆದುಕೊಂಡರು. ಅದೇ ವರ್ಷ ಚೀನಾದವರು ಇನ್ನೂ ಬಿಗಿ ಮಾಡಿದರು. 18ರೊಳಗಿನವರಿಗೆ ಶುಕ್ರವಾರ, ಶನಿವಾರ, ಭಾನುವಾರ ಮತ್ತು ರಜಾ ದಿನ ರಾತ್ರಿ 8ರಿಂದ 9, ಒಂದೇ ಗಂಟೆ.

ಅಂಗಡಿಯವನು: ಗಂಟೆ ಲೆಕ್ಕದಲ್ಲೇ ಒಂದು ತೊಂದರೆ ಇದೆ ಸಾರ್. ಆಡಿದೋರಿಗೆ ಮಾತ್ರ ಗೊತ್ತಾಗೋದು. ಬಿಜಿಎಂಐಯಲ್ಲಿ ಒಂದು ಮ್ಯಾಚ್ ಕೊನೇವರೆಗೆ ಹೋದ್ರೆ ಅರ್ಧ ಗಂಟೆ. ಮಧ್ಯದಲ್ಲಿ ನಿಲ್ಲಿಸಿ ಆಮೇಲೆ ಆಡ್ತೀನಿ ಅನ್ನೋ ಹಾಗಿಲ್ಲ. ನಾಲ್ಕು ಜನರ ಟೀಮು. ಇಪ್ಪತ್ತೈದನೇ ನಿಮಿಷದಲ್ಲಿ ಫೋನ್ ಲಾಕ್ ಆದ್ರೆ ಇವನು ಸಾಯ್ತಾನೆ, ಅವರು ಮೂರು ಜನ ಇವನನ್ನ ಬೈತಾರೆ. ಆವಾಗಲೇ ಹುಡುಗ ಫೋನ್ ಎತ್ತಿ ಗೋಡೆಗೆ ಬಡಿಯೋದು. ಒಡೆದ ಡಿಸ್‌ಪ್ಲೇ ಹಾಕಿಸ್ಕೊಳ್ಳೋಕೆ ಬರೋರು ಕೈಜಾರಿ ಬಿತ್ತು ಅಂತಾರೆ. ಕೈಜಾರಿ ಬಿದ್ದ ಫೋನು ಸಾಮಾನ್ಯವಾಗಿ ಮೂಲೇಲಿ ಒಡೆದಿರುತ್ತೆ, ಇದು ಮಧ್ಯದಲ್ಲಿ. ನಾನೇನೂ ಕೇಳೋಕೆ ಹೋಗಲ್ಲ. ಮೂವತ್ತು ನಿಮಿಷ ಅಂತ ಇಡಬೇಡಿ, ಒಂದು ಮ್ಯಾಚ್ ಅಂತ ಮಾತಾಡ್ಕೊಳ್ಳಿ ಅಂತ ಮಾತ್ರ ಹೇಳ್ತೀನಿ.

ಮೇಷ್ಟ್ರು: ನೋಡಿದೆಯಾ, ನೀನೇ ಹೇಳಿಬಿಟ್ಟೆ. ಒಂದು ಮ್ಯಾಚ್ ಅಂತ ಮಾತಾಡಿಕೊಳ್ಳಬೇಕಾದರೆ ಮ್ಯಾಚ್ ಅಂದರೆ ಏನು ಅಂತ ತಾಯಿಗೆ ಹುಡುಗ ಹೇಳಿಕೊಡಬೇಕು. ಅವಳು ಕೂತು ನೋಡಬೇಕು. ಅಲ್ಲಿಗೆ ಬೀಗದ ಅರ್ಧ ಕೆಲಸ ಆಗಿಹೋಯಿತು.

(ಮಧ್ಯವಯಸ್ಸಿನ ಹೆಂಗಸೊಬ್ಬರು ಬಂದು ಕೌಂಟರಿನ ಮೇಲೆ ಫೋನ್ ಇಡುತ್ತಾರೆ. ಕೊರಟಗೆರೆ ರಸ್ತೆಯ ಹಳ್ಳಿಯವರು. ಗಂಡನಿಗೆ ಬೆಂಗಳೂರಿನಲ್ಲಿ ಕೆಲಸ.)

ತಾಯಿ: ಅಣ್ಣ, ಇದಕ್ಕೆ ಗೇಮ್ ಬರದಂಗೆ ಲಾಕ್ ಹಾಕ್ಕೊಡಿ.

ಅಂಗಡಿಯವನು: ನಿಮ್ಮ ಬೆರಳಿಂದು ಇಡ್ಲಾ ಅಕ್ಕ? ನೀವು ಒತ್ತಿದ್ರೆ ಮಾತ್ರ ಓಪನ್ ಆಗುತ್ತೆ.

ತಾಯಿ: ನನ್ ಬೆರಳು ರೇಷನ್ ಅಂಗಡಿ ಮೆಷಿನ್ನಲ್ಲೇ ಬರಲ್ಲ ಕಣಣ್ಣ. ಕಡ್ಲೆಕಾಯಿ ಬಿಡಿಸಿ ಬಿಡಿಸಿ ಸವೆದೋಗೈತೆ. ನಂಬರೇ ಹಾಕಿ. ಆದ್ರೆ ಅದು ನಂಗೂ ಹೇಳ್ಬೇಡಿ.

ಮೇಷ್ಟ್ರು: ಯಾಕಮ್ಮ? ಮಗ ನಿನ್ನವನು, ಫೋನ್ ನಿನ್ನದು.

ತಾಯಿ: ಅವ್ನು ಬೈದ್ರೆ ತಡ್ಕೋತೀನಿ ಮೇಷ್ಟ್ರೆ. ಊಟ ಬಿಟ್ಟು ಗೋಡೆ ಕಡೆ ಮುಖ ಮಾಡ್ಕೊಂಡು ಮಲಗ್ತಾನೆ ನೋಡಿ, ಅದು ತಡೆಯಕ್ಕಾಗಲ್ಲ. ಗೊತ್ತಿದ್ರೆ ತೆಗೆದುಕೊಟ್ಬಿಡ್ತೀನಿ. ಗೊತ್ತಿಲ್ಲ ಅಂದ್ರೆ ಗೊತ್ತಿಲ್ಲ ಅಂತ ನಿಜಾನೇ ಹೇಳ್ಬೋದು.

ಮೇಷ್ಟ್ರು: ಅಂದರೆ ನೀನು ಅವನಿಗೆ ಹಾಕ್ತಿರೋ ಬೀಗವೂ ಹೌದು, ನಿನಗೆ ನೀನೇ ಹಾಕಿಕೊಳ್ತಿರೋ ಬೀಗವೂ ಹೌದು. (ಅಂಗಡಿಯವನ ಕಡೆ ತಿರುಗಿ) ಬೀಗ ಮಗುವಿಗೆ ಮಾತ್ರ ಅಂದೆನಲ್ಲ, ಈ ತಾಯಿಯ ವಿಷಯದಲ್ಲಿ ಆ ಮಾತು ನಿಲ್ಲೋದಿಲ್ಲ. ತನ್ನ ಮನಸ್ಸು ಯಾವಾಗ ಸೋಲುತ್ತೆ ಅಂತ ತಿಳಿದುಕೊಂಡು ಸೋಲುವ ಮುಂಚೆಯೇ ಕೀಲಿಯನ್ನು ಬೇರೆಯವರ ಕೈಗೆ ಕೊಡೋದು ವಿವೇಕ. ಆದರೆ ಅಮ್ಮ, ಅವನ ಮನಸ್ಸೂ ಸೋಲೋದು ಹೀಗೇ ಅಲ್ವಾ? ಅವನಿಗೂ ಇದೇ ಅವಕಾಶ ಕೊಡಬಹುದಲ್ಲ? ನನ್ನ ಕೈಲಿ ಆಗ್ತಿಲ್ಲ, ಪರೀಕ್ಷೆ ಮುಗಿಯೋವರೆಗೆ ನೀವೇ ಇಟ್ಟುಕೊಳ್ಳಿ ಅಂತ ಅವನೇ ಹೇಳೋ ಹಾಗೆ?

ತಾಯಿ: ಹದಿನಾಲ್ಕು ವರ್ಷದೋನು ಅಂಗಂತಾನಾ?

ಮೇಷ್ಟ್ರು: ಕೇಳಿದರೆ ತಾನೇ ಗೊತ್ತಾಗೋದು. ಎಷ್ಟು ಹೊತ್ತು ಆಡ್ತಾನೆ?

ತಾಯಿ: ಐದು ಗಂಟೆಗೆ ಸ್ಕೂಲಿಂದ ಬರ್ತಾನೆ. ನಾನು ಬರೋದು ಎಂಟು. ಈಗ ಪ್ಯಾಕಿಂಗ್ ಕೆಲಸಕ್ಕೆ ಹೋಗ್ತೀನಿ. ಒಳಗೆ ಫೋನ್ ಬಿಡಲ್ಲ, ಅಜ್ಜಿ ಹತ್ರ ಬಿಟ್ಟೋಗ್ತೀನಿ. ಆ ಮೂರು ಗಂಟೆ ಅದ್ರಲ್ಲೇ ಇರ್ತಾನೆ. ಓದೋದೂ ಓದ್ತಾನೆ, ಫೇಲೇನೂ ಆಗಿಲ್ಲ. ಅದು ಕಾಯಿಲೆ ಅಂತ ಟಿವೀಲಿ ಹೇಳ್ತಾರಲ್ಲ, ಅದೇನಾ ಇದು?

ಮೇಷ್ಟ್ರು: ಅಲ್ಲ ಅನ್ನಿಸುತ್ತಮ್ಮ. ಆಟದ ಚಟವನ್ನು ವಿಶ್ವ ಆರೋಗ್ಯ ಸಂಸ್ಥೆ ಕಾಯಿಲೆಗಳ ಪಟ್ಟಿಗೆ ಸೇರಿಸಿರೋದು ನಿಜ, 2022ರ ಜನವರಿಯಿಂದ ಜಾರಿಯಲ್ಲಿದೆ. ಆದರೆ ಅದಕ್ಕೆ ಅಳತೆ ಇದೆ. ಬಿಡ್ತೀನಿ ಅಂದರೂ ಬಿಡಲಾಗಬಾರದು, ಮಿಕ್ಕಿದ್ದೆಲ್ಲ ಹಿಂದೆ ಬೀಳಬೇಕು, ಕೆಡುಕಾಗ್ತಿದೆ ಅಂತ ಕಂಡರೂ ಆಡ್ತಾನೇ ಇರಬೇಕು, ಅದೂ ಸಾಮಾನ್ಯವಾಗಿ ಒಂದು ವರ್ಷ ಕಾಲ. ಅಲ್ಲಿಗೆ ಹೋದರೆ ಬೀಗದಿಂದ ಆಗೋ ಕೆಲಸವಲ್ಲ, ವೈದ್ಯರೇ ಬೇಕು. ನಿಮ್ಹಾನ್ಸಿನಲ್ಲಿ ಇದಕ್ಕೇ ಅಂತ ಷಟ್ ಕ್ಲಿನಿಕ್ 2014ರಿಂದ ನಡೀತಿದೆ. ಬೆಂಗಳೂರಿಗೆ ಹೋಗಲಾಗದಿದ್ದರೆ ಟೆಲಿ ಮಾನಸ್‌ಗೆ ಫೋನ್ ಮಾಡಬಹುದು, 14416, ಖರ್ಚಿಲ್ಲ, ಕನ್ನಡದಲ್ಲೇ ಮಾತಾಡ್ತಾರೆ. ನಿನ್ನ ಮಗನದು ಅದಲ್ಲ. ಅಜ್ಜಿ ಬಿಟ್ಟರೆ ಯಾರೂ ಇಲ್ಲದ ಮನೆ, ಮೂರು ಗಂಟೆ, ಒಂದು ಫೋನು.

ತಾಯಿ: ಅದೇ ನಾನು ಕೇಳ್ಬೇಕು ಅಂದ್ಕೊಂಡಿದ್ದು. ಲಾಕ್ ಹಾಕಿಸ್ತೀನಿ. ಆ ಮೂರು ಗಂಟೆ ಏನ್ ಮಾಡು ಅನ್ಲಿ? ಜೊತೆ ಹುಡುಗ್ರೆಲ್ಲ ಅದ್ರೊಳಗೇ ಅವ್ರೆ. ಬಯಲಿಗೆ ಹೋದ್ರೆ ಯಾರೂ ಇರಲ್ಲ. ಕೊರೋನಾದಲ್ಲಿ ಸ್ಕೂಲ್ ಮುಚ್ಚಿದಾಗ ಪಾಠಕ್ಕೆ ಬೇಕು ಅಂತ ಸಾಲ ಮಾಡಿ ತಂದ ಫೋನ್ ಇದು.

(ಇದಕ್ಕೆ ಇಬ್ಬರಲ್ಲೂ ತಕ್ಷಣ ಉತ್ತರವಿರಲಿಲ್ಲ. ಪೇರೆಂಟಲ್ ಕಂಟ್ರೋಲ್ ಮಾಡುವ ಯಾವ ಕಂಪನಿಯಲ್ಲೂ ಇದಕ್ಕೆ ಉತ್ತರವಿಲ್ಲ. ಇಂತಿಷ್ಟು ಹೊತ್ತು ಆಡಬೇಡ ಎಂದು ಯಂತ್ರ ಹೇಳಬಲ್ಲದು. ಆ ಹೊತ್ತನ್ನು ತುಂಬುವ ಕೆಲಸ ಊರಿನದು, ಶಾಲೆಯದು, ಪಂಚಾಯಿತಿಯದು.)

ಅಂಗಡಿಯವನು: ಅಕ್ಕ, ಒಂದು ಕೆಲಸ ಮಾಡೋಣ. ಆರಂಕಿಯ ನಂಬರ್ ಇಡೋಣ. ಮೂರು ಅಂಕಿ ನಿಮಗೆ ಗೊತ್ತಿರಲಿ, ಮೂರು ಅವನಿಗೆ. ಅವನೊಬ್ಬನೇ ತೆಗೆಯೋಕಾಗಲ್ಲ, ಅವನಿಲ್ಲದೆ ನೀವೂ ತೆಗೆಯೋಕಾಗಲ್ಲ. ನಾಲ್ಕೈದು ಸಲ ತಪ್ಪು ಹೊಡೆದ್ರೆ ಸ್ವಲ್ಪ ಹೊತ್ತು ಫೋನೇ ತಡೆಯುತ್ತೆ. ನನ್ನ ನೋಟ್‌ಬುಕ್ಕಲ್ಲಿ ಏನೂ ಬೇಡ.

ತಾಯಿ: ಅಂಗಾದ್ರೆ ಎಂಟು ಗಂಟೆವರೆಗೆ ಇಲ್ಲ. ನಾನು ಬಂದ್ಮೇಲೆ ಇಬ್ರೂ ಕೂತ್ಕೊಂಡ್ರೆ ಒಂದು ಮ್ಯಾಚು.

ಮೇಷ್ಟ್ರು: ಆ ಮಾತು ಅವನ ಎದುರಿಗೇ ಆಗಬೇಕು. ಇವತ್ತು ಹಾಕಿಸಬೇಡಮ್ಮ. ಭಾನುವಾರ ಅವನನ್ನೇ ಕರ್ಕೊಂಡು ಬಾ. ಅವನ ಮೂರು ಅಂಕಿ ಅವನೇ ಒತ್ತಲಿ. ಈ ಏರ್ಪಾಡು ಎಷ್ಟು ದಿನ, ಯಾವಾಗ ಪೂರ್ತಿ ಅವನ ಕೈಗೆ ಬರುತ್ತೆ, ಅದನ್ನೂ ಅವತ್ತೇ ಹೇಳಿಬಿಡು. ಮುಗಿಯೋ ದಿನ ಗೊತ್ತಿಲ್ಲದ ಶಿಕ್ಷೆ ಯಾರಿಗೂ ಕೊಡಬಾರದು.

ತಾಯಿ: ಬರ್ತೀನಿ. ಆದ್ರೆ ಅವ್ನ ಮುಂದೆ ನೀವಿಬ್ರೂ ನನ್ ಕಡೆ ಮಾತಾಡ್ಬೇಕು.

ಮೇಷ್ಟ್ರು: ಇವನು ನಿನ್ನ ಕಡೆ ಮಾತಾಡಲಿ. ನಾನು ಹುಡುಗನ ಕಡೆ. ಅವನಿಗೂ ಒಬ್ಬ ವಕೀಲ ಬೇಕಲ್ಲ. ಸಂಜೆ ಐದಕ್ಕೆ ಬಯಲಿಗೆ ಬರೋಕೆ ಊರಲ್ಲಿ ಇನ್ನೂ ಎಷ್ಟು ಹುಡುಗರಿದ್ದಾರೆ ಅಂತ ಅವನನ್ನೇ ಕೇಳ್ತೀನಿ. ನಾಲ್ಕು ಮನೆಯವರು ಒಂದೇ ಹೊತ್ತಿಗೆ ಫೋನ್ ಮುಚ್ಚಿಟ್ಟರೆ ನಾಲ್ಕು ಹುಡುಗರಾದರೂ ಆಚೆ ಬರ್ತಾರೆ. ಆ ಮನೆಯವರ ಹತ್ರ ನಾನೇ ಬಂದು ಮಾತಾಡ್ತೀನಿ.

ತಾಯಿ: ಬನ್ನಿ ಮೇಷ್ಟ್ರೆ, ಮನೆ ತೋರಿಸ್ತೀನಿ. ಆದ್ರೆ ಹನ್ನೊಂದು ಗಂಟೆ ಒಳಗೆ ಬನ್ನಿ, ಆಮೇಲೆ ಎಲ್ರೂ ಹೊಲಕ್ಕೋಗ್ತಾರೆ.