ದಿಕ್ಕಿನ ಅರಿವು ಎಲ್ಲಿಂದ?

ದಾರಿ ತಿಳಿಯದ ಕಾಡಿನಲ್ಲಿ ದಿಕ್ಕಿನ ಅರಿವು ಮನುಷ್ಯನ ಒಳಗಿನಿಂದ ಹುಟ್ಟುತ್ತದೆಯೇ, ಹೊರಗಿನಿಂದ ಸಿಗಬೇಕೇ? ಜರ್ಮನ್ ದಾರ್ಶನಿಕ ಇಮ್ಯಾನುಯೆಲ್ ಕಾಂಟ್ 1786ರ ಪ್ರಬಂಧವೊಂದರಲ್ಲಿ ಮೊದಲ ಪಕ್ಷ ಹಿಡಿದ. ಸೂರ್ಯ, ನಕ್ಷತ್ರಗಳು ಕಣ್ಣೆದುರಿಗಿದ್ದರೂ, ಎಡಬಲಗಳ ಭೇದ ತನ್ನೊಳಗೇ ಅನುಭವಕ್ಕೆ ಬಾರದಿದ್ದರೆ ಪೂರ್ವ ಯಾವುದು, ಪಶ್ಚಿಮ ಯಾವುದು ಎಂದು ಹೇಳಲಾಗದು ಎಂಬುದು ಅವನ ವಾದ. ಅದನ್ನೇ ಮುಂದುವರಿಸಿ, ಇಂದ್ರಿಯಗಳಿಗೆ ಎಟುಕದ ದೇವರ ವಿಷಯದಲ್ಲೂ ವಿವೇಚನೆ ತನ್ನೊಳಗಿನ ಅಗತ್ಯವನ್ನೇ ಹಿಡಿದು ನಡೆಯಬೇಕು ಎಂದ.

ಕಾಡು ಈ ವಾದವನ್ನು ಅರ್ಧ ಮಾತ್ರ ಒಪ್ಪುತ್ತದೆ. ಯಾನ್ ಸೌಮನ್ ಮತ್ತು ಸಂಗಡಿಗರು 2009ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಜರ್ಮನಿಯ ಕಾಡೊಂದರಲ್ಲಿ ನೇರ ನಡೆಯಲು ಹೇಳಿಸಿಕೊಂಡವರು ಬಿಸಿಲಿದ್ದಾಗ ಹೆಚ್ಚುಕಡಿಮೆ ನೇರವಾಗಿಯೇ ನಡೆದರು. ಮೋಡ ಕವಿದಾಗ ತಮಗೇ ಗೊತ್ತಾಗದೆ ಸುತ್ತು ಹೊಡೆದರು. ಎಡಬಲಗಳ ಅನುಭವ ಅವರಿಗೆ ಕಳೆದುಹೋಗಿರಲಿಲ್ಲ. ಅದನ್ನು ತಿದ್ದುವ ಹೊರಗಿನ ಗುರುತು ಇರಲಿಲ್ಲ, ಅಷ್ಟೇ. ಚಾರಣಿಗರ ಪದ್ಧತಿಯೂ ಹೊರಗಿನದನ್ನೇ ನೆಚ್ಚುತ್ತದೆ: ಗುರುತು ಸಿಕ್ಕುವ ಎರಡು ಶಿಖರಗಳಿಗೆ ದಿಕ್ಸೂಚಿ ಹಿಡಿದು, ಆ ಕೋನಗಳ ಗೆರೆಗಳನ್ನು ನಕ್ಷೆಯ ಮೇಲೆ ಹಿಂದಕ್ಕೆ ಎಳೆದರೆ, ಅವು ಕೂಡುವಲ್ಲಿ ತಾನು ನಿಂತ ಜಾಗ ಸಿಗುತ್ತದೆ. ಧ್ರುವನಕ್ಷತ್ರವೂ ಒಂದು ಗುರುತೇ. ಆದರೆ ಕರ್ನಾಟಕದಲ್ಲಿ ಅದು ದಿಗಂತದಿಂದ ಸುಮಾರು 12ರಿಂದ 18 ಡಿಗ್ರಿ ಮೇಲಷ್ಟೇ ಇರುವುದರಿಂದ, ಘಟ್ಟದ ಕಣಿವೆಗಳಲ್ಲಿ ಅದನ್ನು ನಂಬಿ ಕೂರುವಂತಿಲ್ಲ.

ಛಾಂದೋಗ್ಯ ಉಪನಿಷತ್ತಿನ ಆರನೆಯ ಅಧ್ಯಾಯದ ದೃಷ್ಟಾಂತ ಒಳಗಿನ ಅರಿವು, ಹೊರಗಿನ ಗುರುತು ಎರಡನ್ನೂ ಕೂಡಿಸುತ್ತದೆ. ಗಂಧಾರದವನೊಬ್ಬನನ್ನು ಕಣ್ಣು ಕಟ್ಟಿ ನಿರ್ಜನ ಪ್ರದೇಶದಲ್ಲಿ ಬಿಟ್ಟಿರುತ್ತಾರೆ. ಯಾರೋ ಕಟ್ಟು ಬಿಚ್ಚಿ ಅವನ ನಾಡಿನ ದಿಕ್ಕು ತೋರಿಸುತ್ತಾರೆ. ಅವನು ಊರಿಂದೂರಿಗೆ ವಿಚಾರಿಸುತ್ತ, ಸ್ವಂತ ಬುದ್ಧಿಯಿಂದ ಗಂಧಾರ ಸೇರುತ್ತಾನೆ. ಗುರುವಿನ ಅಗತ್ಯವನ್ನು ಹೇಳಲು ಉದ್ದಾಲಕ ಮಗ ಶ್ವೇತಕೇತುವಿಗೆ ಹೇಳಿದ ಕಥೆಯಿದು. ಇಲ್ಲಿ ಗುರುವಿನ ಪಾಲು ಎಷ್ಟು ಚಿಕ್ಕದು ಎಂಬುದನ್ನು ಗಮನಿಸುವವರು ಕಡಿಮೆ: ಅವನು ದಿಕ್ಕು ತೋರಿಸುತ್ತಾನೆ, ಜೊತೆಗೆ ಹೋಗುವುದಿಲ್ಲ. ಪ್ರತಿ ತಿರುವಿನಲ್ಲೂ ಆಜ್ಞೆ ಕೊಡುವ ಮೊಬೈಲ್ ಅಂಥ ಗುರುವಲ್ಲ.

ಹೀಗೆ ತಾನೇ ದಾರಿ ಹುಡುಕುವುದು ಮನಸ್ಸಿಗೆ ಕೊಡುವುದೇನು? ದಣಿದ ಗಮನಶಕ್ತಿ ನಿಸರ್ಗದಲ್ಲಿ ಚೇತರಿಸಿಕೊಳ್ಳುತ್ತದೆ ಎಂದು ಮನೋವಿಜ್ಞಾನಿಗಳಾದ ರೇಚಲ್ ಮತ್ತು ಸ್ಟೀಫನ್ ಕಪ್ಲಾನ್ ವಿವರಿಸಿದ್ದಾರೆ. ದಾರಿ ಹುಡುಕುವವನಿಗೆ ಈ ವಿಶ್ರಾಂತಿ ಪೂರ್ತಿ ಸಿಗುವುದಿಲ್ಲ. ಅವನಿಗೆ ದಕ್ಕುವುದು ಬೇರೊಂದು: ತಪ್ಪನ್ನು ಒಪ್ಪುವ ಅಭ್ಯಾಸ. ಊಹೆ ತಪ್ಪಿದ್ದರೆ ಎದುರಾಗಬೇಕಾದ ಹಳ್ಳ ಎದುರಾಗುವುದಿಲ್ಲ; ಆಗ ತಪ್ಪನ್ನು ಒಪ್ಪಿ, ಖಚಿತವಾಗಿ ಗೊತ್ತಿದ್ದ ಕೊನೆಯ ಜಾಗಕ್ಕೆ ಹಿಂದಿರುಗಬೇಕು. ದಾರಿ ತಪ್ಪಿತೆನಿಸಿದ ಕೂಡಲೇ ನಿಲ್ಲಬೇಕು ಎಂದು ಚಾರಣದ ತರಬೇತಿಯಲ್ಲಿ ಹೇಳಿಕೊಡುವುದೂ ಇದಕ್ಕೇ. ಗಾಬರಿಗೊಂಡ ಮನಸ್ಸು ನಡೆಯುತ್ತಲೇ ಹೋದರೆ, ಎದುರಿಗೆ ಕಂಡ ಯಾವುದೋ ಗುಡ್ಡವನ್ನು ತಾನು ಹುಡುಕುತ್ತಿದ್ದ ಗುಡ್ಡವೆಂದೇ ನಂಬಿಬಿಡುತ್ತದೆ.